ಅತ್ಯಾನ ಜೋಡಿ ಹಕ್ಕಿ ಆಟಕ್ಕ ಹೆಸರು ಹುಡುಕಿದ್ದು

ನಮ್ಮ ಅತ್ಯಾ ಬಾಯಿ ಬಿಟ್ಟು ಇಂಥಾದ್ದು ಬೇಕು ಅಂತ ಕೇಳಿದಾಕಿ ಅಲ್ಲ. ದೀಪಾವಳಿಗೆ ಸೀರಿ ತಂದ್ರೂ "ಇದ್ದವೇ ಉಟ್ಟು ಮುಗೀವಲ್ವು" ಅಂತಾಳ. ಅಂಥಾಕಿ ಹೋದ ಶ್ರಾವಣದಾಗ ಒಂದಿನ ನನ್ನ ಮಗನ ಬಾಜೂಕ ಕೂತು ಹೂಬತ್ತಿ ಹೊಸಿಲಿಕ್ಕೆ ಹತ್ತಿದ್ಲು. ಅವ ಕಂಪ್ಯೂಟರಿನ್ಯಾಗ ಯಾವುದೋ ಹಳೇ ಆಟ ಆಡ್ತಿದ್ದ. ನೋಡ್ಕೋತ ನೋಡ್ಕೋತ ಕೈ ನಿಲ್ಲಿಸಿ, "ಆ ಜೋಡಿ ಹಕ್ಕಿ ಆಟ ಇದರಾಗ ಬರತದೇನ?" ಅಂತ ಕೇಳಿದ್ಲು.

"ಹೆಸರು ಹೇಳಜ್ಜಿ, ಹುಡುಕಿ ಕೊಡ್ತೀನಿ" ಅಂದ ಇವ.

ಹೆಸರು ಎಲ್ಲಿತ್ತು ಅದಕ್ಕ? ನಾವು ಯಾರೂ ಅದನ್ನ ಹೆಸರು ಹಿಡಿದು ಕರೀಲೇ ಇಲ್ಲ. ಅತ್ಯಾ ಜೋಡಿ ಹಕ್ಕಿ ಅಂತಿದ್ಲು, ನಾನು ಪೆಂಗ್ವಿನ್ ಅಂತಿದ್ದೆ, ನನ್ನ ತಮ್ಮ ಇನ್ನೇನೋ ಅಂತಿದ್ದ. ಅದೇನು ಅಂತ ನನಗ ನೆನಪೇ ಇರಲಿಲ್ಲ. ಅವನನ್ನ ಫೋನ್ ಮಾಡಿ ಕೇಳೋಣ ಅಂದ್ರ, ಊರಿನ ಮನಿ ಮಾರಿದಾಗಿಂದ ನಮ್ಮಿಬ್ಬರ ನಡುವ ಹಬ್ಬದ ಮೆಸೇಜು ಬಿಟ್ರ ಮಾತಿಲ್ಲ. ಅದು ನಿಮಗ ಗೊತ್ತಿದ್ದದ್ದೇ.

ಧಾರವಾಡದ ನಮ್ಮ ಹಳೇ ಮನಿಗೆ ಬಂದವರಿಗೆ ಪಡಸಾಲಿ ಮೂಲ್ಯಾಗಿನ ಶಟರಿನ ಟಿವಿ ನೆನಪಿರಬೇಕು. 1995ರ ಬ್ಯಾಸಿಗಿ ಸೂಟಿಯಾಗ ಅಪ್ಪ ಮುಂಬೈಗೆ ಒಂದು ಮದಿವಿಗೆ ಹೋದಾವ, ಬರೋವಾಗ ಟಿವಿ ಗೇಮ್ ತಂದಿದ್ದ. ಬಿಳೇ ಡಬ್ಬಿ, ಎರಡು ಹಿಡಿಕಿ, ಒಂದು ಬಂದೂಕು, ಒಂದು ಹಳದಿ ಕ್ಯಾಸೆಟ್ಟು. ಕ್ಯಾಸೆಟ್ ಮ್ಯಾಲೆ '64 ಇನ್ 1' ಅಂತ ಬರದಿತ್ತು. ಶಾಲಿಂದ ಬಂದ ಮ್ಯಾಲೆ ಅಭ್ಯಾಸ ಮುಗಿಸಿ ಅರ್ಧ ತಾಸು ಆಡಬಹುದು, ಹಂಗಂತ ಅವ್ವ ಕರಾರು ಮಾಡಿದ್ಲು. ಆದರ ನಾವು ಶಾಲಿಂದ ಬರೋದ್ರೊಳಗ ಟಿವಿ ಬೆನ್ನು ಬಿಸಿ ಇರ್ತಿತ್ತು. ಗೇಮಿನ ಅಡಾಪ್ಟರು ಅದಕ್ಕಿಂತ ಬಿಸಿ. ಅವ್ವಗ ಕೇಳಿದ್ರ ನಾ ಅಲ್ಲ ಅಂತಿದ್ಲು, ಖರೇನೇ ಅಕಿ ಅಲ್ಲ. ಮಧ್ಯಾಹ್ನ ಭಾಂಡಿ ತಿಕ್ಕಿ, ಎಲ್ಲಾರೂ ಅಡ್ಡಾದ ಮ್ಯಾಲೆ, ಆವಾಜು ಪೂರಾ ಸಣ್ಣ ಮಾಡಿ ಆಡ್ತಿದ್ದಾಕಿ ನಮ್ಮ ಅತ್ಯಾ.

ಅಕಿ ಆಡ್ತಿದ್ದದ್ದು ಒಂದೇ ಆಟ. ನಡುವ ಗ್ವಾಡಿ, ಆ ಕಡೆ ಈ ಕಡೆ ಒಂದೊಂದು ಪೆಂಗ್ವಿನ್. ಒಂದನ್ನ ಎಡಕ್ಕ ನಡಿಸಿದ್ರ ಇನ್ನೊಂದು ತಾನ ಬಲಕ್ಕ ಹೋಗತದ, ಕನ್ನಡಿಯಾಗ ನೋಡಿಧಂಗ. ಮ್ಯಾಲೆ ಹೋದ್ರ ಎರಡೂ ಮ್ಯಾಲೆ. ಎರಡರ ದಾರಿ ಬ್ಯಾರೆ ಬ್ಯಾರೆ, ಅಡ್ಡ ಬರೋ ಗ್ವಾಡಿ ಬ್ಯಾರೆ, ಜೇಡರ ಬಲಿ ಬ್ಯಾರೆ. ಆದರ ಮ್ಯಾಲಿನ ಹೃದಯದ ಗುರುತಿನ ಹತ್ರ ಎರಡೂ ಒಮ್ಮೆಲೇ ಮುಟ್ಟಬೇಕು. ಒಂದು ಮುಟ್ಟಿ ಇನ್ನೊಂದು ಹಿಂದ ಬಿದ್ರ ಲೆಕ್ಕಕ್ಕಿಲ್ಲ. 64 ಆಟ ಬಿಟ್ಟು ಇದನ್ನೇ ಯಾಕ ಆಡ್ತಿದ್ಲು ಅಂತ ನಾವು ಕೇಳಲಿಲ್ಲ. ಮಾಮಾ ತೀರ್ಕೊಂಡಾಗ ಅಕಿಗೆ 29.

ಇಷ್ಟು ಗೊತ್ತಿದ್ದೂ ಹೆಸರು ಯಾಕ ಗೊತ್ತಿರಲಿಲ್ಲ ಅಂತ ಹುಡುಕ್ಕೋತ ಹೋದ್ರ ಒಂದು ದೊಡ್ಡ ಕಥೀನೇ ಬಿಚ್ಚಿಕೊಂತು. ನಮ್ಮ ಮನ್ಯಾಗ ಇದ್ದದ್ದಕ್ಕೆ ಟಿವಿ ಗೇಮ್ ಅಂತಿದ್ವಿ. ಅದು ಯಾವುದರ ನಕಲು ಅಂದ್ರ, ಜಪಾನಿನ ನಿಂಟೆಂಡೊ ಕಂಪನಿ 1983ರ ಜುಲೈದಾಗ ಮಾರಾಟಕ್ಕ ತಂದ ಫ್ಯಾಮಿಕಾಮ್ ಅನ್ನೋ ಯಂತ್ರದ್ದು. ಮಸಾಯುಕಿ ಉಎಮುರಾ ಅನ್ನೋ ಎಂಜಿನಿಯರ್ ಮುಂದ ನಿಂತು ಮಾಡಿದ್ದು. ಎರಡು ವರ್ಷ ಬಿಟ್ಟು ಅದೇ ಯಂತ್ರ ಅಮೆರಿಕಾಕ್ಕ ಬ್ಯಾರೆ ಹೆಸರಿಲೆ, ಬ್ಯಾರೆ ಆಕಾರದಾಗ ಹೋತು. ಕ್ಯಾಸೆಟ್ಟಿನ ಬಾಯಿ ಸುದ್ದಾ ಬದಲಿ ಮಾಡಿದ್ರು: ಜಪಾನಿನ ಕ್ಯಾಸೆಟ್ಟಿಗೆ 60 ಹಲ್ಲು, ಅಮೆರಿಕಾದ್ದಕ್ಕ 72. ಒಂದರದ್ದು ಇನ್ನೊಂದಕ್ಕ ಕೂಡಂಗಿಲ್ಲ. ಈ 60 ಮತ್ತ 72ರ ಮಾತು ಸ್ವಲ್ಪ ನೆನಪಿಟ್ಟುಕೊಳ್ರಿ. ನಾ ಮುಂದ ಎಡವಿದ್ದು ಇಲ್ಲೇ.

ಆಮ್ಯಾಲೆ ತೈವಾನ್, ಹಾಂಗ್‌ಕಾಂಗ್, ಚೀನಾದ ಕಡೆ ಇದನ್ನ ನಕಲು ಹೊಡೀಲಿಕ್ಕೆ ಸುರು ಮಾಡಿದ್ರು. ಇಡೀ ಯಂತ್ರ ಒಂದೇ ಚಿಪ್ಪಿನ್ಯಾಗ ಕೂಡೋಹಂಗಾತು, ರೊಕ್ಕ ಇಳೀತು, ಊರೂರಿಗೆ ಮುಟ್ತು. ರಷ್ಯಾದಾಗ ಅದು ಡೆಂಡಿ, ಪೋಲಂಡಿನ್ಯಾಗ ಪೆಗಾಸಸ್. ನಮ್ಮ ಕಡೆ ಅಂಗಡಿಗೊಂದು ಹೆಸರು. ಅಷ್ಟೂ ಹೆಚ್ಚಾಗಿ ಜಪಾನಿನ 60 ಹಲ್ಲಿನವೇ. ಕ್ಯಾಸೆಟ್ ಬಿಚ್ಚಿದ್ರ ಒಳಗ ಕರೀ ಡಾಂಬರಿನ ಹನಿ ಬಿದ್ದಂಗ ಒಂದು ಗುಂಡನ್ನ ಕಲೆ ಕಾಣತದ, ಅಷ್ಟ. ಅದರ ಕೆಳಗೇ ಎಲ್ಲಾ ಆಟ. ತಮ್ಮ ಒಮ್ಮೆ ಸ್ಕ್ರೂ ಬಿಚ್ಚಿ ನೋಡಿ, "ಇದರಾಗ 64 ಆಟ ಎಲ್ಲಿ ಕೂತಾವ?" ಅಂತ ಅತ್ತಿದ್ದ, ಪಾಪ.

ನಕಲು ಮಾಡಿದವರು ಇನ್ನೊಂದು ಕೆಲಸ ಮಾಡ್ತಿದ್ರು. ಆಟ ಸುರು ಆಗೋ ಮದಲ ಪರದೆ ಮ್ಯಾಲೆ ಯಾರು ಮಾಡಿದ್ದು, ಯಾವ ವರ್ಷದ್ದು ಅಂತ ಒಂದು ಸಾಲು ಇರತದಲ್ಲ, ಭಾಳಷ್ಟು ಆಟದಾಗ ಅದನ್ನ ಅಳಿಸಿಬಿಡ್ತಿದ್ರು. ಪಟ್ಟಿಯಾಗ ಹೆಸರು ಮೊಟಕು ಮಾಡಿ, ತಪ್ಪುತಪ್ಪಾಗಿ ಬರೀತಿದ್ರು. '9999999 ಇನ್ 1' ಅಂತ ಬರ್ತಿದ್ವು ನೋಡ್ರಿ, ಅವು ಇನ್ನೂ ಮೋಸ. ಹತ್ತಿಪ್ಪತ್ತೇ ಆಟ, ಒಂದನ್ನೇ ಎರಡನೇ ಹಂತದಿಂದ, ಮೂರನೇ ಹಂತದಿಂದ ಸುರು ಮಾಡಿ ಬ್ಯಾರೆ ಹೆಸರು ಕೊಡೋದು. ಒಂದೇ ಅವಲಕ್ಕಿಗೆ ಒಗ್ಗರಣಿ ಬದಲಿ ಮಾಡಿ ಹೊಸಾ ತಿಂಡಿ ಅಂದಂಗ. ಹಿಂಗಾಗಿ ನಮ್ಮ ಕಡೆ ಒಂದು ಪೂರಾ ಪೀಳಿಗಿ ಆಟ ಆಡ್ತು, ಮಾಡಿದವರ ಹೆಸರು ಮಾತ್ರ ಅದಕ್ಕ ಮುಟ್ಟಲೇ ಇಲ್ಲ. ಹೆಸರು ಕಳಕೊಂಡು ಮನಿಗೆ ಬಂದ ಆಟಕ್ಕ ನಾವೇ ಹೆಸರಿಟ್ಟು ಸಾಕಿದ್ವಿ.

ಮಗ ಆಡ್ತಿದ್ದದ್ದು ಎಮ್ಯುಲೇಟರಿನ್ಯಾಗ. ಅದೇನಂದ್ರ, ಹಳೇ ಯಂತ್ರ ಹೆಂಗ ನಡೀತಿತ್ತೋ ಹಂಗೇ ನಟಿಸೋ ಒಂದು ಪ್ರೋಗ್ರಾಮು. ಕ್ಯಾಸೆಟ್ಟಿನ ಚಿಪ್ಪಿನೊಳಗಿಂದ ಇದ್ದದ್ದು ಇದ್ದಂಗ ನಕಲು ತಗದ ಫೈಲಿಗೆ ರೋಮ್ ಅಂತಾರ. ಗಾತ್ರ ಕೇಳಿದ್ರ ನಗು ಬರತದ. 1985ರ ಸೂಪರ್ ಮಾರಿಯೊ ಬ್ರದರ್ಸ್, ಇಡೀ ಜಗತ್ತು ಆಡಿದ ಆಟ, ಬರೇ 40 ಕಿಲೋಬೈಟು. ನಮ್ಮ ಗುಂಪಿನ್ಯಾಗ ದಿನಾ ಮುಂಜಾನೆ ಬರೋ ಗುಲಾಬಿ ಹೂವಿನ ಶುಭೋದಯ ಅದಕ್ಕಿಂತ ದೊಡ್ಡದಿರತದ.

ಈ ನಕಲು ತಗದು ಇಡೋ ಕೆಲಸ ಜೋರಾಗಿ ಸುರು ಆಗಿದ್ದು 1996-97ರ ಹೊತ್ತಿಗೆ, ನಾವಿನ್ನೂ ಖರೇ ಡಬ್ಬಿ ಇಟ್ಕೊಂಡು ಆಡ್ತಿದ್ದಾಗಲೇ. ಮರಾತ್ ಫಯ್ಜುಲ್ಲಿನ್ ಅನ್ನಾವ ಐನೆಸ್ ಅಂತ ಎಮ್ಯುಲೇಟರ್ ಮಾಡಿದ. ಅವ ಹಾಕಿಕೊಟ್ಟ ಒಂದು ಪದ್ಧತಿ ಇವತ್ತಿಗೂ ನಡದದ: ಪ್ರತಿ ಆಟದ ಫೈಲಿನ ಮುಂದ 16 ಬೈಟಿನ ಒಂದು ಚೀಟಿ. ಒಳಗ ಪ್ರೋಗ್ರಾಮ್ ಎಷ್ಟದ, ಚಿತ್ರ ಎಷ್ಟದ, ಯಾವ ನಮೂನಿ ಕ್ಯಾಸೆಟ್ಟು ಅಂತ ಅದರಾಗ ಇರತದ. ಡಬ್ಬಿ ಮ್ಯಾಲೆ ಮೆಂತ್ಯದ ಹಿಟ್ಟು, ಚಟ್ನಿಪುಡಿ ಅಂತ ಚೀಟಿ ಹಚ್ಚೀವಲ್ಲ, ಹಂಗೇ. 1997ರ ಏಪ್ರಿಲ್‌ದಾಗ ನೆಸ್ಟಿಕಲ್ ಅಂತ ಇನ್ನೊಂದು ಬಂತು, ಅದು ಸಾದಾ ಕಂಪ್ಯೂಟರಿನ್ಯಾಗೂ ಸರಾಗ ಓಡೋದು. ಅದಕ್ಕ ಎರಡು ತಿಂಗಳು ಮದಲ, ಫೆಬ್ರವರಿ 5ಕ್ಕ, ಇಟಲಿಯ ನಿಕೋಲಾ ಸಾಲ್ಮೋರಿಯಾ ಅನ್ನಾವ ಮೇಮ್ ಅನ್ನೋದನ್ನ ಬಿಟ್ಟ. ಅದು ಮನಿ ಟಿವಿ ಗೇಮಿನದಲ್ಲ. ಅಂಗಡಿಯಾಗ ನಾಣ್ಯ ಹಾಕಿ ಆಡೋ ದೊಡ್ಡ ಪೆಟಿಗಿ ಆಟಗಳದ್ದು.

ಮೇಮಿನವರ ಪಟ್ಟಿ ನೋಡಿದ್ರ ನನಗ ನಮ್ಮ ಮನಿತನದ ವಂಶಾವಳಿ ನೆನಪಾಗತದ. ಪ್ರತಿ ಆಟಕ್ಕ ಒಂದು ತಾಯಿ, ಅದರ ಬೆನ್ನಿಗೆ ಬಂದ ಬದಲಿ ಆವೃತ್ತಿ ಎಲ್ಲಾ ಅದರ ಮಕ್ಕಳು. ಪ್ಯಾಕ್‌ಮ್ಯಾನ್ ಎಲ್ಲಾರಿಗೂ ಗೊತ್ತು, ಹಳದಿ ಬಾಯಿ ಚುಕ್ಕಿ ತಿನ್ನೋದು. ಮೇಮಿನ ಲೆಕ್ಕದಾಗ ಅದು ತಾಯಿ ಅಲ್ಲ. ತಾಯಿ ಪಕ್‌ಮ್ಯಾನ್. ಜಪಾನಿನ್ಯಾಗ 1980ರಾಗ ಬಂದಾಗ ಅದೇ ಹೆಸರು. ಅಮೆರಿಕಾದಾಗ ಯಾರರ ತುಂಟರು ಮದಲ ಅಕ್ಷರ ಕೆರದು ಕೆಟ್ಟ ಶಬ್ದ ಮಾಡಿಯಾರು ಅಂತ ಹೆದರಿ ಬದಲಿ ಮಾಡಿದ್ರು. ಮದಿವ್ಯಾಗ ಹೆಸರು ಬದಲಿ ಮಾಡಿಕೊಂಡ ನಮ್ಮ ನಿಮ್ಮಂಥವರಿಗೆ ತಿಳೀತದ, ಜಗತ್ತಿಗೆಲ್ಲಾ ಹೊಸಾ ಹೆಸರೇ ಗೊತ್ತಿದ್ರೂ ತವರುಮನಿ ದಫ್ತರದಾಗ ಹಳೇದೇ ಇರತದ.

ಮದಲಿನ ದಿನದಾಗ ಯಾರ ಕೈಗೆ ಸಿಕ್ಕಿತೋ ಅವರು ತಮಗ ತಿಳದ ಹೆಸರಿಟ್ಟು ಫೈಲು ಹಂಚ್ತಿದ್ರು. ಒಂದೇ ಆಟ ಹತ್ತು ಹೆಸರಿಲೆ, ಒಂದೇ ಹೆಸರಿಲೆ ಮೂರು ಬ್ಯಾರೆ ಆಟ. ಕೆಲವು ಅರ್ಧಂಬರ್ಧ ನಕಲಾದವು. ಕೆಲವಕ್ಕ ಹಂಚಿದವರು ಮುಂದ ತಮ್ಮ ಜಾಹೀರಾತು ಹಚ್ಚಿದವು. ಇದನ್ನೆಲ್ಲಾ ಹಸನ ಮಾಡ್ಲಿಕ್ಕೆ ಕೆಲವರು ಕೂತರು. ಪಗಾರ ಇಲ್ಲ, ಹೆಸರಿಲ್ಲ, ಮನಿ ಕೆಲಸ ಮಾಡಿಧಂಗ ಮಾಡಿದ್ರು. ಗುಡ್‌ನೆಸ್ ಅನ್ನೋ ಪಟ್ಟಿಯವರು ಪೂರಾ ಛಲೋ ಇದ್ದ ನಕಲಿಗೆ ಉದ್ಗಾರ ಚಿಹ್ನೆ ಹಾಕಿದ್ರು, ಕೆಟ್ಟದ್ದಕ್ಕ ಬಿ ಅಕ್ಷರ. ನೋ-ಇಂಟ್ರೋ ಅನ್ನೋ ಗುಂಪಿನವರು ಆ ಮುಂದ ಹಚ್ಚಿದ ಜಾಹೀರಾತು ಕಿತ್ತು, ಕ್ಯಾಸೆಟ್ಟಿನ್ಯಾಗ ಹೆಂಗಿತ್ತೋ ಹಂಗೇ ಇಡಬೇಕು ಅಂತ ಹಟ ಹಿಡದ್ರು. ಅವರ ಹೆಸರು ಬಂದದ್ದೇ ಅದರಿಂದ. ಹೆಸರಿನ ಬೆನ್ನಿಗೆ ಕಂಸದಾಗ ದೇಶ ಬರಿಯೋ ಶಿಸ್ತು ಅವರದ್ದು: ಜಪಾನ್, ಯುಎಸ್‌ಎ, ಯುರೋಪ್ ಅಂತ.

ಇದು ಅದೇ ಆಟ ಅಂತ ಗುರುತು ಹಿಡಿಯೋದು ಹೆಸರಿನಿಂದ ಅಲ್ಲ, ಸಂಖ್ಯಾದಿಂದ. ಫೈಲಿನ ಅಷ್ಟೂ ಬೈಟು ಒಂದು ಲೆಕ್ಕಕ್ಕ ಹಾಕಿ ಎಂಟು ಅಕ್ಷರದ ಒಂದು ಗುರುತು ತಗೀತಾರ. ಒಳಗ ಒಂದೇ ಒಂದು ಬಿಟ್ ಬದಲಾದ್ರೂ ಆ ಗುರುತು ಬ್ಯಾರೇ ಬರತದ. ನೀವು ಫೈಲಿಗೆ ಏನರ ಹೆಸರಿಡ್ರಿ, ಜೋಡಿ ಹಕ್ಕಿ ಅನ್ರಿ, ಪಡವಲಕಾಯಿ ಅನ್ರಿ, ಗುರುತು ಅದೇ ಇರತದ. ಪಟ್ಟಿಯಾಗ ಆ ಗುರುತಿನ ಮುಂದ ಖರೇ ಹೆಸರು ಬರದಿರತದ.

ಇಷ್ಟೆಲ್ಲಾ ಜೋಪಾನ ಯಾಕ ಅಂತ ನಮ್ಮ ಮನಿಯವರು ಕೇಳಿದ್ರು. ಅಮೆರಿಕಾದ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ 2023ರಾಗ ಒಂದು ಲೆಕ್ಕ ತಗೀತು. ಅಲ್ಲಿ ಬಂದ ಹಳೇ ಆಟದಾಗ 100ಕ್ಕ 87 ಇವತ್ತು ಅಂಗಡಿಯಾಗ ರೊಕ್ಕ ಕೊಟ್ರೂ ಸಿಗಂಗಿಲ್ಲ. ಮಾಡಿದ ಕಂಪನಿ ಮುಚ್ಚಿರತಾವ, ಇಲ್ಲಾ ಇನ್ನೊಂದರೊಳಗ ಕೂಡಿರತಾವ. ಕೆಲವು ಪೆಟಿಗಿ ಆಟದಾಗ ಒಂದು ಬ್ಯಾಟರಿ ಇರತದ, ಅದು ಸತ್ತ ದಿನ ಆಟದ ಕೀಲಿಕೈ ಅಳಿಸಿಹೋಗಿ ಇಡೀ ಬೋರ್ಡು ಬಂದ್. ಕಾಯದೆ ಮಾತಂದ್ರ ಅದೂ ಸರಳ ಇಲ್ಲ. ಎಮ್ಯುಲೇಟರ್ ಮಾಡ್ಲಿಕ್ಕೆ ಅಡ್ಡಿ ಇಲ್ಲ ಅನ್ನೋ ಧಾಟಿಯಾಗ ಅಮೆರಿಕಾದ ಮೇಲ್ಮನವಿ ಕೋರ್ಟು 2000ದಾಗ ಸೋನಿ ಖಟ್ಲೆಯಾಗ ತೀರ್ಪು ಕೊಟ್ಟದ. ಆದರ ಆಟದ ನಕಲು ಹಂಚೋದು ತಪ್ಪೇ. ಪೆನ್ ಡ್ರೈವಿನ್ಯಾಗ ಊರಿಗೆಲ್ಲಾ ಹಂಚೋದು ನಮ್ಮ ದೇಶದಾಗೂ ಸರಿ ಅಲ್ಲ. ನನ್ನ ಮಗನ ಆಟ ಬಂದದ್ದೂ ಗೆಳೆಯನ ಪೆನ್ ಡ್ರೈವಿನಿಂದಲೇ, ಮುಚ್ಚಿಡೋದೇನದ. ನಮ್ಮಪ್ಪ ರೊಕ್ಕ ಕೊಟ್ಟು ತಂದ ಕ್ಯಾಸೆಟ್ಟೂ ಕದ್ದದ್ದೇ ಆಗಿತ್ತು ಅನ್ನೋದು ನನಗ ತಿಳದದ್ದು ಈಗ.

ಇನ್ನ ಫ್ರಂಟ್ಎಂಡ್. ಎಮ್ಯುಲೇಟರ್ ಒಲಿ ಇದ್ದಂಗ, ರೋಮ್ ಸಾಮಾನು ಇದ್ದಂಗ, ಫ್ರಂಟ್ಎಂಡ್ ಅಂದ್ರ ಅಡಗಿಮನಿ ಕಪಾಟು. ಎಲ್ಲಾ ಆಟ ಚಿತ್ರದ ಸಮೇತ ಸಾಲಾಗಿ ಕಾಣತಾವ, ಬೇಕಾದ್ದರ ಮ್ಯಾಲೆ ಒತ್ತಿದ್ರ ತಾನೇ ಒಲಿ ಹಚ್ಚಿ ಸುರು ಮಾಡತದ. ಮದಲೆಲ್ಲಾ ಕರೀ ಪರದೆ ಮ್ಯಾಲೆ ಉದ್ದನ್ನ ಆಜ್ಞೆ ಟೈಪ್ ಮಾಡಬೇಕಿತ್ತು. 2010ರಾಗ ಬ್ಯಾರೆ ಹೆಸರಿಲೆ ಸುರು ಆಗಿ 2012ರಾಗ ರೆಟ್ರೊಆರ್ಕ್ ಅಂತಾದದ್ದು ಒಂದು. ಅದೇ ವರ್ಷ ರಾಸ್ಪ್‌ಬೆರಿ ಪೈ ಅಂತ ಅಂಗೈ ಅಗಲದ ಸೋವಿ ಕಂಪ್ಯೂಟರ್ ಬಂತು. ಅದರ ಬೆನ್ನಿಗೇ ಎಮ್ಯುಲೇಷನ್‌ಸ್ಟೇಷನ್ ಮಂದಿ ಮನಿ ಹೊಕ್ಕಿತು. ಕೀಲಿಮಣಿ ಮುಟ್ಟದ, ಸೋಫಾದ ಮ್ಯಾಲೆ ಕೂತು ಹಿಡಿಕಿಲೇ ಎಲ್ಲಾ ಆರಿಸಬಹುದು. ನಮ್ಮ ಮನ್ಯಾಗಿನದು ಅದರದೇ ವಂಶದ್ದು.

ಮಗ ಅದನ್ನ ಹಾಕಿದ್ದನೇ ಹೊರತು ಜೋಡಿಸಿರಲಿಲ್ಲ. ಪೆನ್ ಡ್ರೈವಿನ್ಯಾಗಿನದು ಅಷ್ಟೂ ಒಂದೇ ಫೋಲ್ಡರಿನ್ಯಾಗ ಸುರುವಿದ್ದ. ಮಾರಿಯೊ ಒಂದೇ ಏಳು ಕಡೆ ಕಾಣತಿತ್ತು. ನನಗ ಇಂಥಾದ್ದು ನೋಡಿದ್ರ ಕೈ ಸುಮ್ಮನಿರಂಗಿಲ್ಲ, ನಿಮಗ ಗೊತ್ತದ. ಅತ್ಯಾನ ಆಟ ಸಿಗಬೇಕಂದ್ರ ಮದಲ ಕಪಾಟು ಹಸನಾಗಬೇಕು ಅಂತ ಶನಿವಾರ ಕೂತೆ. ಯಂತ್ರಕ್ಕೊಂದು ಫೋಲ್ಡರು, ಅದರ ಹೆಸರು ಅದು ಹೇಳಿದ್ದೇ ಇರಬೇಕು, ನಮ್ಮ ಮನಸಿಗೆ ಬಂದದ್ದಲ್ಲ. ಫೈಲು ಅದರಾಗ ಇಟ್ಟು ಮತ್ತೊಮ್ಮೆ ಸುರು ಮಾಡಿದ್ರ ತಾನೇ ಎಣಿಸಿಕೊಂಡು ಪಟ್ಟಿ ಮಾಡತದ. ಆಮ್ಯಾಲೆ ಸ್ಕ್ರೇಪರ್. ಹೆಸರು ಕೇಳಿ ನಕ್ಕೆ, ನಮ್ಮ ಕೊಬ್ಬರಿ ಹೆರದಂಗೇ, ಅದು ಇಂಟರ್ನೆಟ್ಟಿನಿಂದ ಪ್ರತಿ ಆಟದ ಚಿತ್ರ, ವರ್ಷ, ಮಾಡಿದವರ ಹೆಸರು ಹೆರದು ತಂದು ಹಾಕತದ. ಇದೆಲ್ಲಾ ಒಂದು ಸಾದಾ ಬರಹದ ಫೈಲಿನ್ಯಾಗ ಕೂತಿರತದ, ಅದನ್ನ ತಗದು ನಾವೂ ತಿದ್ದಬಹುದು. ಬಾತುಕೋಳಿ ಹೊಡಿಯೋ ಬಂದೂಕಿನ ಆಟ ಒಂದು ಕಡೆ ಸರಿಸಿದೆ. ಆ ಬಂದೂಕು ಹಳೇ ಡುಬ್ಬದ ಟಿವಿಯ ಬೆಳಕು ನೋಡಿ ಗುರಿ ಹಿಡೀತಿತ್ತು, ಈಗಿನ ತೆಳು ಟಿವಿ ಮುಂದ ಅದು ಕುರುಡು.

ಎಲ್ಲಾ ಛಲೋನೇ ನಡದಿತ್ತು. ಒಂದು ಆಟಕ್ಕ ಒಂದೇ ನಕಲು ಇಟ್ಕೋಬೇಕು ಅಂತ ಎಲ್ಲೋ ಓದಿದ್ದೆ. ಜಪಾನ್ ಅಂತ ಬರದಿದ್ದವು ನಮಗ್ಯಾಕ, ಆ ಲಿಪಿ ಓದಲಿಕ್ಕೆ ಬರಂಗಿಲ್ಲ, ಯುಎಸ್‌ಎ ಅಂದದ್ದು ಇದ್ರ ಸಾಕು ಅಂತ, ಜಪಾನಿನವು ಅಷ್ಟೂ ಆರಿಸಿ ಅಳಿಸಿದೆ. ಪಟ್ಟಿ ಅಗದಿ ಲಕಾಲಕಾ ಆತು. ರಾತ್ರಿ ಅತ್ಯಾನ್ನ ಕೂಡಿಸಿಕೊಂಡು ಒಂದೊಂದೇ ಚಿತ್ರ ಸರಿಸಿ ತೋರಿಸಿದೆ. ಅಕಿ ಚಷ್ಮಾ ಏರಿಸಿ "ಇದಲ್ಲ... ಇದೂ ಅಲ್ಲ" ಅನ್ಕೋತ ಕಡೀತನಕ ನೋಡಿದ್ಲು. ಆಮ್ಯಾಲೆ "ಇರಲಿ ಬಿಡು, ಏನ್ ಮಹಾ" ಅಂತ ಎದ್ದು ಹೋಗಿ ಮಲಕೊಂಡ್ಲು. ಅಕಿ ಏನ್ ಮಹಾ ಅಂದ್ರ ನನಗ ಹೊಟ್ಟಿ ಚುರುಕ್ ಅಂತದ.

ಮರುದಿನ ಮುಂಜಾನೆ ತಮ್ಮಗ ಫೋನ್ ಹಚ್ಚಿದೆ. ಏಳೆಂಟು ತಿಂಗಳಿಂದ ಹಚ್ಚಿದ್ದಿಲ್ಲ. ಎತ್ತಿದಾವ ಗಾಬರಿಯಾಗಿ, "ಯಾಕ ಅಕ್ಕಾ, ಅತ್ಯಾ ಅರಾಮ ಇದ್ದಾಳಿಲ್ಲೋ?" ಅಂದ.

"ಇದ್ದಾಳ. ಹಳದಿ ಕ್ಯಾಸೆಟ್ಟಿನ್ಯಾಗ ಅಕಿ ಆಡ್ತಿದ್ದ ಆಟದ ಹೆಸರೇನೋ?"

ಆ ಕಡೆ ಸುಮ್ಮನಾದ. ಕಾಗದದ ಸುದ್ದಿ, ಸಹಿ ಸುದ್ದಿ ಬರತದ ಅಂತ ತಯಾರಾಗಿದ್ದ ಅಂತ ಕಾಣತದ. ಆಮ್ಯಾಲೆ ಜೋರಾಗಿ ನಕ್ಕ. "ನರಿ ಆಟ ಅಲ್ಲೇನ? ಎರಡನೇ ಪುಟದಾಗ ಇತ್ತು. ಇಂಗ್ಲಿಷಿನ್ಯಾಗ ಏನೋ ನರಿ ಅಂತ ಬರದಿತ್ತು. ನರೀನೇ ಇಲ್ಲ, ಎರಡೂ ಪೆಂಗ್ವಿನ್, ನರಿ ಅಂತ ಯಾಕ ಬರದಾರ ಅಂತ ನೀನ ಅಪ್ಪಗ ಕೇಳಿ ಬೈಸಿಕೊಂಡಿದ್ದಿ."

ನನಗ ಅದು ಒಂಚೂರೂ ನೆನಪಿಲ್ಲ. ಆದರ ಅವ ಹೇಳಿದ ಮ್ಯಾಲೆ ಅಪ್ಪ ಬೈದ ದನಿ ಕಿವ್ಯಾಗ ಬಂತು. ಅರ್ಧ ತಾಸು ಮಾತಾಡಿದ್ವಿ. ಕ್ಯಾಸೆಟ್ಟು ರದ್ದಿಯವಗ ಹಾಕಿದ್ದು ನಾನು ಅಂತ ಅವ, ಅವನು ಅಂತ ನಾನು. ಇಬ್ಬರೂ ಅಲ್ಲ, ಅವ್ವ ಅಂತ ಕಡೀಕ ನಿಕಾಲಿ ಮಾಡಿದ್ವಿ.

ಫ್ರಂಟ್ಎಂಡಿನ ಹುಡುಕೋ ಜಾಗಾದಾಗ ನರಿ ಅಂತ ಹಾಕಿದೆ. ಏನೂ ಬರಲಿಲ್ಲ. ಇಂಗ್ಲಿಷಿನ ಕಡೀ ಅಕ್ಷರ ಐ ತಗದು ವೈ ಹಾಕಿದೆ. ಆಗೂ ಇಲ್ಲ. ಹಂಗೇ ಕೂತೆ. ಮಗ ಬಂದು ನೋಡಿ, "ಅಮ್ಮಾ, ಇದರಾಗ ಬ್ಯಾಟಲ್ ಸಿಟಿ ಎಲ್ಲಿ? ಸರ್ಕಸ್ ಚಾರ್ಲಿ ಎಲ್ಲಿ?" ಅಂತ ಒದರಲಿಕ್ಕೆ ಹತ್ತಿದ. ಟ್ಯಾಂಕಿನ ಆಟ, ಸಿಂಹದ ಮ್ಯಾಲೆ ಕೂತು ಉರಿಯೋ ಉಂಗುರ ಹಾರೋ ಆಟ, ಎರಡೂ ನಮ್ಮ 64ರಾಗಿನವೇ. ಪಟ್ಟಿಯಾಗ ಎರಡೂ ಇಲ್ಲ. ಆಗ ತಲಿಗೆ ಹೊಳೀತು. ನಮ್ಮ ಡಬ್ಬಿ 60 ಹಲ್ಲಿನದು, ಜಪಾನಿನ ಕಡೆಯದು. ಅದರಾಗಿನ ಎಷ್ಟೋ ಆಟ ಆ ಯಂತ್ರದ ರೂಪದಾಗ ಅಮೆರಿಕಾಕ್ಕ ಹೋಗೇ ಇರಲಿಲ್ಲ. ಅವಕ್ಕ ಯುಎಸ್‌ಎ ನಕಲು ಅಂತ ಇಲ್ಲೇ ಇಲ್ಲ. ಓದಲಿಕ್ಕೆ ಬರಂಗಿಲ್ಲ ಅಂತ ನಾ ಅಳಿಸಿದ್ದು ಪರದೇಶದವನ್ನಲ್ಲ, ನಮ್ಮ ಮನ್ಯಾಗಿನವನ್ನೇ ಅಳಿಸಿದ್ದೆ.

ಪುಣ್ಯಾಕ್ಕ ಪೆನ್ ಡ್ರೈವ್ ಇನ್ನೂ ಗೆಳೆಯಗ ವಾಪಸ್ ಕೊಟ್ಟಿರಲಿಲ್ಲ. ಜಪಾನಿನವು ತಿರುಗಿ ತುಂಬಿ, ಮತ್ತೊಮ್ಮೆ ಎಣಿಸಿ, ಅದೇ ನಾಲ್ಕು ಅಕ್ಷರ ಹಾಕಿದೆ. ಒಂದೇ ಒಂದು ಸಾಲು ಬಂತು. ಬೈನರಿ ಲ್ಯಾಂಡ್, ಜಪಾನ್. ಮಾಡಿದವರು ಹಡ್ಸನ್ ಸಾಫ್ಟ್, 1985. ನರಿ ಬೈನರಿಯೊಳಗ ಅಡಗಿತ್ತು. ಪೆಂಗ್ವಿನ್ನಿಗೂ ಹೆಸರಿದ್ವು: ಗಂಡು ಗುರಿನ್, ಹೆಣ್ಣು ಮಾಲೋನ್. ಆ ಕಂಪನಿ ಈಗಿಲ್ಲ, 2012ರಾಗ ಕೊನಾಮಿಯೊಳಗ ಕೂಡಿಹೋತು. ನಮ್ಮ ಮನಿಗೆ ಮೂವತ್ತು ವರ್ಷ ಬಿಟ್ಟು ಇಷ್ಟು ಸುದ್ದಿ ಮುಟ್ಟಿತು.

ಅತ್ಯಾಗ ಹೆಸರು ಹೇಳಿದೆ. "ಲ್ಯಾಂಡ್ ಅಂದ್ರ ಹೊಲ ಅಲ್ಲೇನ? ಅದರಾಗ ಹಕ್ಕಿ ಎಲ್ಲಿ ಬಂದ್ವು?" ಅಂದ್ಲು. ಪರದೆ ಮ್ಯಾಲೆ ಹಾಡು ಸುರು ಆದಕೂಡಲೇ ಮಾತು ನಿಲ್ಲಿಸಿದ್ಲು. ಹಿಡಿಕಿ ಕೈಯಾಗ ಕೊಟ್ರ ಹೆಬ್ಬಟ್ಟು ನೋಯತದ ಅಂದ್ಲು, ಕೆಳಗ ಇಡಲಿಲ್ಲ. ಮದಲ ಮನಿ ಮೂರು ಸಲ ಸೋತ್ಲು. ನಾಲ್ಕನೇ ಸಲ ಎರಡೂ ಹಕ್ಕಿ ಒಮ್ಮೆಲೇ ಮುಟ್ಟಿದ್ವು. ಆವಾಜು ಸಣ್ಣ ಮಾಡು ಅಂತ ನನಗ ಸನ್ನಿ ಮಾಡಿದ್ಲು. ಮನ್ಯಾಗ ಯಾರೂ ಮಲಗಿರಲಿಲ್ಲ.

ಆಮ್ಯಾಲೆ ಪಟ್ಟಿ ಫೈಲು ತಗದು ಹೆಸರಿನ ಜಾಗಾದಾಗ ಕನ್ನಡದಾಗ ಜೋಡಿ ಹಕ್ಕಿ ಅಂತ ಬರದೆ. ಪರದೆ ಮ್ಯಾಲೆ ಬರೇ ಖಾಲಿ ಚೌಕು ಚೌಕು ಬಂದ್ವು. ನಮ್ಮ ಕಂಪ್ಯೂಟರಿನ್ಯಾಗ ಅದು ಕನ್ನಡ ಓದಲಿಲ್ಲ. ಅಕ್ಷರ ಬದಲಿ ಮಾಡಿ ನೋಡಿದ್ರ ಒತ್ತಕ್ಷರ ಒಡದು ಹಕ್ಕಿ ಅನ್ನೋದು ಎರಡು ತುಂಡಾತು. ಕಡೀಕ ಇಂಗ್ಲಿಷ್ ಅಕ್ಷರದಾಗೇ ಜೋಡಿ ಹಕ್ಕಿ ಅಂತ ಬರದು, ಬಾಜೂಕ ಬೈನರಿ ಲ್ಯಾಂಡ್ ಅಂತಲೂ ಇಟ್ಟೆ. ಮಾಡಿದವರ ಹೆಸರು ಮತ್ತ ಅಳಿಸೋದು ನನಗ ಮನಸಾಗಲಿಲ್ಲ. ಆ ಪರದೆಯ ಫೋಟೊ ತಮ್ಮಗ ಕಳಿಸಿದೆ. "ನರಿ ಬಿಟ್ಟಿ" ಅಂತ ಬರದ. ಈಗ ವಾರಕ್ಕೊಮ್ಮೆ ಅವನ ಮೆಸೇಜು ಬರತದ, ಅತ್ಯಾ ಎಷ್ಟನೇ ಮನಿಗೆ ಮುಟ್ಟಿದ್ಲು ಅಂತ. ಮನಿ ಅಂದಕೂಡಲೇ ಇಬ್ಬರೂ ಸ್ವಲ್ಪ ತಡೀತೀವಿ, ಆಮ್ಯಾಲೆ ಸಂಖ್ಯಾ ಬರೀತೀನಿ.

ನಾ ಆಫೀಸಿಗೆ ಹೋದಾಗ ಮನ್ಯಾಗ ಅಕಿ ಒಬ್ಬಾಕಿನೇ. ಸಂಜಿಗೆ ಬಂದು "ಏನ್ ಮಾಡಿದಿ ಅತ್ಯಾ?" ಅಂದ್ರ "ಏನಿಲ್ಲ, ಅಡ್ಡಾಗಿದ್ದೆ" ಅಂತಾಳ. ಈಗಿನ ಟಿವಿ ಬೆನ್ನು ಮುಟ್ಟಿ ನೋಡಿದ್ರ ಏನೂ ತಿಳಿಯಂಗಿಲ್ಲ. ಆದರ ಆ ಪಟ್ಟಿ ಫೈಲಿನ್ಯಾಗ ಪ್ರತಿ ಆಟದ ಮುಂದ ಇನ್ನೆರಡು ಕಲಮು ಅವ: ಎಷ್ಟು ಸಲ ಆಡ್ಯಾರ, ಕಡೀಕ ಯಾವಾಗ ಆಡ್ಯಾರ. ನಿನ್ನೆ ಅಡಗಿ ಮಾಡೋಕ್ಕಿಂತ ಮದಲ ತಗದು ನೋಡಿದೆ. 41 ಸಲ. ಕಡೀಕ ಆಡಿದ್ದು, ಮಧ್ಯಾಹ್ನ 2 ಗಂಟೆ 40 ನಿಮಿಷಕ್ಕ.